ರಂಗೋಲಿ ಓದುವ ಕೌಸಲ್ಯಮ್ಮ

ತುಮಕೂರಿನ ನಮ್ಮ ಅಡ್ಡರಸ್ತೆಯಲ್ಲಿ ಯಾರ ಮನೆಯ ಗುಟ್ಟೂ ಕೌಸಲ್ಯಮ್ಮನವರಿಗೆ ಗುಟ್ಟಲ್ಲ. ಅವರು ಕಿಟಕಿಯಲ್ಲಿ ಇಣುಕುವವರಲ್ಲ. ಬೆಳಿಗ್ಗೆ ಹಾಲು ತರುವ ನೆಪದಲ್ಲಿ ಹೊರಟು, ಪ್ರತಿ ಗೇಟಿನ ಮುಂದಿನ ರಂಗೋಲಿಯನ್ನು ಪೇಪರ್ ಓದಿದಂತೆ ಓದಿಕೊಂಡು ಬರುತ್ತಾರೆ. ಹೊತ್ತೇರಿದ ಮೇಲೆ ಹಾಕಿದ್ದರೆ ರಾತ್ರಿ ಜಗಳ, ನೀರು ಚಿಮುಕಿಸದೆ ಗೀಚಿದ್ದರೆ ಅತ್ತೆ ಊರಲ್ಲಿಲ್ಲ, ಪ್ಲಾಸ್ಟಿಕ್ ಸ್ಟಿಕ್ಕರ್ ಅಂಟಿಸಿದ್ದರೆ ಸೊಸೆ ಗೆದ್ದಾಯಿತು. "ನಾನ್ಯಾಕಮ್ಮ ಇನ್ನೊಬ್ರ ಮನೆ ವಿಷ್ಯ ಮಾತಾಡ್ಲಿ," ಎಂದು ಶುರು ಮಾಡಿದರೆ ಕಾಫಿ ಆರುವಷ್ಟರಲ್ಲಿ ಇಡೀ ಬೀದಿ ಬೆತ್ತಲೆ. ಅವರದೇ ರಂಗೋಲಿಯಲ್ಲಿ ಮಾತ್ರ ಒಂದು ಚುಕ್ಕೆಯೂ ತಪ್ಪುವುದಿಲ್ಲ. ಎಡಗೈಯಲ್ಲೂ ಬಲಗೈಯಷ್ಟೇ ಸಲೀಸಾಗಿ ಎಳೆ ಬಿಡುತ್ತೀರಲ್ಲ ಎಂದು ಹೊಗಳಿದರೆ, ಕೇಳಿಸದವರಂತೆ ಪುಡಿ ಕೊಡವಿಕೊಂಡು ಒಳಗೆ ಹೋಗುತ್ತಾರೆ. ಮೊನ್ನೆ ಅವರ ಎದುರುಮನೆಯಲ್ಲಿ, ಅಂದರೆ ನಮ್ಮ ಪಕ್ಕದ ಮನೆಯಲ್ಲಿ, ಗುಬ್ಬಿಯಿಂದ ಬಂದ ಹೊಸ ಸೊಸೆ ಅಪರ್ಣಳ ರಂಗೋಲಿ ಸೊಟ್ಟಗಿತ್ತು. ಬಲಗೈಯನ್ನು ದುಪಟ್ಟಾದೊಳಗೆ ಮುಚ್ಚಿಕೊಂಡು ಎಡಗೈಯಲ್ಲಿ ಹಾಕಿದ್ದಳು. ಆ ಸುದ್ದಿಯನ್ನು ಕೌಸಲ್ಯಮ್ಮ ಯಾರಿಗೂ ಹೇಳಲಿಲ್ಲ. ಅವರ ಬಾಯಿ ಮುಚ್ಚಿದ್ದನ್ನು ನಾನು ಕಂಡದ್ದು ಅದೇ ಮೊದಲು. ಮಾರನೆಯ ಬೆಳಿಗ್ಗೆ ರಸ್ತೆ ದಾಟಿ ಹೋಗಿ, ಹುಡುಗಿಯ ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕುಳಿತು, ಬಾತುಕೊಂಡಿದ್ದ ಮಣಿಕಟ್ಟಿನ ಮೇಲೆ ಅವಳ ಗಂಡನ ಬೆರಳುಗಳು ಮೂಡಿಸಿದ್ದ ಗುರುತನ್ನು ಮುಟ್ಟಿ ನೋಡಿದರು. ಸದ್ಯ, ಕೇಳುವವರೊಬ್ಬರು ಬಂದರಲ್ಲ ಎಂದುಕೊಂಡೆ, ನನ್ನ ಗೇಟಿನ ಒಳಗೇ ನಿಂತು. ಕೌಸಲ್ಯಮ್ಮ ಸೊಟ್ಟ ಎಳೆಗಳನ್ನು ಒರೆಸಿ, ಅವಳ ಎಡಗೈಗೆ ಹೊಸದಾಗಿ ಪುಡಿ ಹಾಕಿದರು. "ಬೆರಳು ಸಡಿಲ ಬಿಡು ಕಣೇ. ಹಿಂಗೆಲ್ಲ ಸೊಟ್ಟಗೆ ಹಾಕಿದ್ರೆ ಬೀದಿಗೇ ಗೊತ್ತಾಗೋಗತ್ತೆ. ಒಂದ್ ವರ್ಷ ಹಾಕು, ಆಮೇಲೆ ಯಾವ್ ಕೈ ಅಂತ ಯಾರ್ಗೂ ಗೊತ್ತಾಗಲ್ಲ. ನಂದು ಯಾರಿಗ್ ಗೊತ್ತಾಯ್ತು, ಹೇಳು?"