ಹನ್ನೊಂದು ರಾಣಿಯರ ವೀರನನ್ನು ಬರೆದವನು

ಮುದ್ರಣಾಲಯದಲ್ಲಿ ಕರಡು ತಿದ್ದುತ್ತಿದ್ದುದರಿಂದ ಜೊತೆಯವರೆಲ್ಲ ಅವನನ್ನು ಕರಡಿ ಎಂದೇ ಕರೆಯುತ್ತಿದ್ದರು. ನೊಣಕ್ಕೂ ನೋವು ಮಾಡದ ಈ ಕರಡಿ ಬಿಡುವಿನಲ್ಲಿ ವಾರಪತ್ರಿಕೆಯೊಂದಕ್ಕೆ ಧಾರಾವಾಹಿ ಬರೆಯುತ್ತಿದ್ದ. ಅದರ ವೀರ ದುಷ್ಟ ರಾಜನ ಅಂತಃಪುರ ಒಡೆದು ಹನ್ನೊಂದು ಹೆಂಗಸರನ್ನು ಬಿಡಿಸುತ್ತಾನೆ. ಬಿಡಿಸಿದವರನ್ನೆಲ್ಲ ತನ್ನ ಅಂತಃಪುರಕ್ಕೆ ತುಂಬಿಕೊಳ್ಳುತ್ತಾನೆ. ಓದುಗರು ಮುಗಿಬಿದ್ದು ಓದುತ್ತಿದ್ದರು.

ಗಂಡ ಇನ್ನೊಬ್ಬಳನ್ನು ಮನೆಗೆ ತಂದಿಟ್ಟುಕೊಂಡ ಮೇಲೆ ಕರಡಿಯ ತಂಗಿ ಅಣ್ಣನ ಮನೆ ಸೇರಿದಳು. ಸುಮ್ಮನೆ ಕೂರಲಾರದೆ ಅವನ ಕಂತುಗಳನ್ನು ಟೈಪ್ ಮಾಡಿಕೊಡತೊಡಗಿದಳು. ಒಂದು ದಿನ ಅವಳ ಕೈ ನಿಂತಿತು.

“ಅಣ್ಣಾ, ಇವರಲ್ಲಿ ಒಬ್ಬಳು ನಾನು ತವರಿಗೆ ಹೋಗ್ತೀನಿ ಅಂದ್ರೆ?”

“ಯಾಕೆ ಹೋಗ್ತಾಳೆ? ಅವನು ಒಳ್ಳೆಯವನು.”

“ಹಾಗಂತ ಹೇಳ್ತಿರೋನು ನೀನು. ಅವರನ್ನ ಕೇಳಿದ್ಯಾ?”

ಆ ಮಾತು ಮುಳ್ಳಿನಂತೆ ಒಳಗೇ ಉಳಿಯಿತು. ಆದರೂ ಕಂತು ಒಂದಕ್ಷರ ಬದಲಾಗದೆ ಅಚ್ಚಿಗೆ ಹೋಯಿತು.

ಭಾನುವಾರ ತಂಗಿಯ ಗಂಡ ಬಂದ. ಕಾಲ ಮೇಲೆ ಕಾಲು ಹಾಕಿ ಕೂತು, ಧಾರಾವಾಹಿಯನ್ನು ಒಂದು ವಾರವೂ ತಪ್ಪಿಸಿಲ್ಲವೆಂದು ಹೊಗಳಿದ. ಆಮೇಲೆ ತಣ್ಣಗೆ ಕೇಳಿದ: “ನಿಮ್ಮ ವೀರ ಹನ್ನೊಂದು ಜನರನ್ನ ಇಟ್ಕೊಂಡ್ರೆ ಚಪ್ಪಾಳೆ. ನಾನು ಇಬ್ಬರನ್ನ ಸಾಕಿದ್ರೆ ತಪ್ಪಾ ಭಾವ?”

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ತಂಗಿ ಅಣ್ಣನ ಮುಖವನ್ನೇ ನೋಡಿದಳು. ಅವನು ಮೇಜಿನ ಮೇಲಿದ್ದ ಕಂತಿನ ಹಾಳೆಗಳನ್ನು ಜೋಡಿಸತೊಡಗಿದ. ಅವಳು ಬಟ್ಟೆಬರೆ ಕಟ್ಟಿಕೊಂಡು ಗಂಡನ ಹಿಂದೆ ಹೊರಟುಹೋದಳು.

ಮರುದಿನ ತಂಗಿಯ ಗಂಡನಿಲ್ಲದ ಹೊತ್ತು ನೋಡಿ ಅವನು ಅವಳ ಮನೆಗೆ ಹೋಗಿ ಕರೆದ, ಬೇಡಿಕೊಂಡ. ತಂಗಿ, “ತಪ್ಪು ಅಂತ ನಿನ್ನೆ ಅನ್ನಬೇಕಿತ್ತು ಅಣ್ಣಾ,” ಎಂದಷ್ಟೇ ಹೇಳಿ ಒಳಗೆ ಹೋದಳು. ಅವನು ಮೆಟ್ಟಿಲ ಮೇಲೆ ಕೂತ. ಆ ಇನ್ನೊಬ್ಬಳು ನೀರು ತಂದುಕೊಟ್ಟಳು. ಇಪ್ಪತ್ತು ದಾಟಿರದ ಹುಡುಗಿ, ಹೊಡೆತಕ್ಕೆ ತುಟಿ ಒಡೆದಿತ್ತು.

“ನನ್ನನ್ನಾದ್ರೂ ಕರ್ಕೊಂಡು ಹೋಗ್ತೀರಾ? ನಮ್ಮಮ್ಮನ ಮನೆ ತನಕ ಸಾಕು.”

ಅವನು ಅವಳನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಹೋದ. ಈ ಹುಡುಗಿಯನ್ನು ಉಳಿಸುತ್ತಿದ್ದೇನೋ, ತಂಗಿಯ ಸವತಿಯನ್ನು ಸಾಗಹಾಕುತ್ತಿದ್ದೇನೋ ಎಂಬುದು ದಾರಿಯುದ್ದಕ್ಕೂ ಅವನಿಗೇ ಬಗೆಹರಿಯಲಿಲ್ಲ. ಹುಡುಗಿಯ ತಾಯಿ ಅವನ ಕೈ ಹಿಡಿದು, ದೇವರಂತೆ ಬಂದೆಯಪ್ಪಾ ಎಂದು ಅತ್ತಾಗ ಅವನು ತಲೆ ಎತ್ತಲಿಲ್ಲ.

ಆ ಸಂಜೆ ಗಂಡನ ಸಿಟ್ಟೆಲ್ಲ ತಂಗಿಯ ಮೈಮೇಲೆ ಇಳಿಯಿತಂತೆ. ಪಕ್ಕದ ಮನೆಯವರಿಂದ ಸುದ್ದಿ ತಿಳಿದು ಅವನು ಓಡಿಹೋಗುವಷ್ಟರಲ್ಲಿ ಮನೆಗೆ ಬೀಗ ಬಿದ್ದಿತ್ತು. ಎಲ್ಲಿಗೆ ಹೋದರೆಂದು ಯಾರಿಗೂ ಗೊತ್ತಿರಲಿಲ್ಲ.

ಧಾರಾವಾಹಿ ನಿಂತಿತು. ಕೆಲಸವನ್ನೂ ಬಿಟ್ಟ. ತಂಗಿಯ ಫೋಟೊ ಹಿಡಿದು ಬಸ್ ನಿಲ್ದಾಣಗಳಲ್ಲಿ ಕಂಡವರನ್ನೆಲ್ಲ ಕೇಳುತ್ತ ಈಗಲೂ ಅಲೆಯುತ್ತಿದ್ದಾನೆ.