ಲಿಯಾಂಶಿಗೆ ಇಡದ ಹೆಸರು

ಮಾಗಡಿಯಿಂದ ಸೋಲೂರಿನ ಕಡೆಗೆ ಹೋಗುವ ರಸ್ತೆಯಲ್ಲಿ, ಊರು ಮುಗಿಯಿತು ಅನ್ನುವಷ್ಟರಲ್ಲಿ ಎಡಗಡೆಗೆ ಒಂದು ಮೋಟರ್ ವೈಂಡಿಂಗ್ ಅಂಗಡಿ ಇದೆ. ಸುಟ್ಟುಹೋದ ಬೋರ್‌ವೆಲ್ ಮೋಟರುಗಳನ್ನು ಬಿಚ್ಚಿ, ಒಳಗಿನ ಕರಕಲು ತಂತಿ ಕಿತ್ತು, ಹೊಸ ತಾಮ್ರದ ತಂತಿ ಸುತ್ತಿ ಕೊಡುವುದು ಅಲ್ಲಿನ ಕೆಲಸ. ಅಂಗಡಿಯ ಯಜಮಾನ ನಟರಾಜು. ಕೆಲಸದಲ್ಲಿ ಎರಡು ಮಾತಿಲ್ಲ. ಅವನು ಸುತ್ತಿದ ಮೋಟರು ಮತ್ತೆ ಅಂಗಡಿಯ ಮೆಟ್ಟಿಲು ಹತ್ತಬೇಕಾದರೆ ನಾಲ್ಕು ಬೇಸಿಗೆ ಕಳೆಯಬೇಕು. ಆದರೆ ಮನುಷ್ಯನಿಗೆ ಒಂದು ಖಯಾಲಿ. ತನ್ನದು ಅಂತ ಏನಿದೆಯೋ ಅದು ಇನ್ನೊಬ್ಬರ ಹತ್ತಿರ ಇರಕೂಡದು. ಸುತ್ತಮುತ್ತಲ ಅಂಗಡಿಗಳಿಗೆಲ್ಲ ದೇವರ ಹೆಸರಿದ್ದರೆ ಇವನ ಬೋರ್ಡಿನ ಮೇಲೆ ‘ಮೆಗಾವೋಲ್ಟ್’. ಮನೆಯ ನಾಯಿಗೆ ‘ಟರ್ಬೊ’. ಮದುವೆಯ ಲಗ್ನಪತ್ರಿಕೆಯನ್ನು ಕರೆಂಟ್ ಬಿಲ್ಲಿನಂತೆ ಅಚ್ಚು ಹಾಕಿಸಿದ ಮಹಾರಾಯ! ಅದನ್ನು ನಿಜವಾದ ಬಿಲ್ಲೆಂದುಕೊಂಡು ಮೂಲೆಗೆಸೆದ ನೆಂಟರು ಮದುವೆಗೇ ಬರಲಿಲ್ಲ, ಅದು ಬೇರೆ ಮಾತು.

ಇಂಥವನನ್ನು ಹೆತ್ತವಳು ಮಾಯಮ್ಮ. ಗಂಡ ಕೃಷ್ಣಪ್ಪ ತೀರಿಕೊಂಡಾಗ ಮಗಳು ಅಂಕಮ್ಮನಿಗೆ ಹನ್ನೆರಡು, ನಟರಾಜುವಿಗೆ ಏಳು. ಎರಡು ಹಸು, ಒಂದಿಷ್ಟು ಹೊಲ, ಹತ್ತು ತೆಂಗಿನ ಮರ. ಅಷ್ಟರಲ್ಲೇ ಮಗಳ ಮದುವೆ ಮಾಡಿದಳು, ಮಗನನ್ನು ರಾಮನಗರದಲ್ಲಿ ಐಟಿಐ ಓದಿಸಿದಳು. ಗಟ್ಟಿ ಹೆಂಗಸು, ಮಾತು ಕಡಿಮೆ. ಯಾರ ಬಳಿಯೂ ಏನನ್ನೂ ಕೇಳಿದವಳಲ್ಲ.

ನಟರಾಜುವಿನ ಹೆಂಡತಿ ನಯನಾ ಚನ್ನಪಟ್ಟಣದವಳು. ಮದುವೆಯಾಗಿ ಒಂಬತ್ತು ವರ್ಷ ಮಕ್ಕಳಾಗಲಿಲ್ಲ. ಹತ್ತದ ಬೆಟ್ಟವಿಲ್ಲ, ಕಟ್ಟದ ಹರಕೆಯಿಲ್ಲ. ಕೊನೆಗೊಂದು ದಿನ ರಾಮನಗರದ ಆಸ್ಪತ್ರೆಯಲ್ಲಿ ಹೆಣ್ಣು ಮಗು ಹುಟ್ಟಿತು. ಮಾಯಮ್ಮ ಮೊದಲ ಬಸ್ಸಿಗೇ ಹೊರಟು ಬಂದಳು. ಕೂಸನ್ನು ಮಡಿಲಲ್ಲಿ ಹಾಕಿಕೊಂಡು ಬಹಳ ಹೊತ್ತು ನೋಡಿದಳು. ಆಮೇಲೆ ಮಗನನ್ನು ವರಾಂಡಕ್ಕೆ ಕರೆದು, ಜೀವಮಾನದಲ್ಲಿ ಮೊದಲ ಸಲ ಒಂದು ಆಸೆ ಹೇಳಿದಳು.

“ನಟ್ರಾಜ, ಕೂಸ್ಗೆ ನನ್ನೆಸ್ರು ಇಕ್ಕೀಯಾ ಮಗ? ನಿಮ್ಮಪ್ಪನ ಅವ್ವ ಅಂಕಮ್ಮ. ಆವಮ್ಮನ ಹೆಸ್ರು ನಿಮ್ಮಕ್ಕಂಗೆ ಬಂತು. ಹಂಗೇ ನನ್ನೆಸ್ರೂ ಮನೇಲಿ ಉಳ್ಕೊಳ್ಳಿ ಅಂತ ಒಂದಾಸೆ. ನನ್ನ ಹೆಸ್ರಿಡ್ದು ಕರಿಯೋರೇ ಇಲ್ಲ ಕಣೋ ಈಗ. ಡೈರೀಲಿ ಹಾಲು ಅಳಿಯೋವಾಗ ಸೆಕ್ರೆಟ್ರಿ ಒಬ್ಬ ಕೂಗ್ತಾನೆ, ಅಷ್ಟೇಯ.”

“ಆಗ್ಲಿ ಬುಡವ್ವ, ಹನುಮಂತಯ್ಯೋರ್ನ ಕೇಳನ” ಅಂದ ನಟರಾಜು. ಒಳಗೊಳಗೇ ಅವನಿಗೆ ಮುಜುಗರವಾಯಿತು. ಒಂಬತ್ತು ವರ್ಷ ಕಾದು ಪಡೆದ ಮಗಳು! ನಾಳೆ ಇಂಗ್ಲಿಷ್ ಮೀಡಿಯಂ ಶಾಲೆಯಲ್ಲಿ ಹಾಜರಿ ಕೂಗುವಾಗ ‘ಮಾಯಮ್ಮ’ ಅಂದರೆ ಕ್ಲಾಸಿಗೆ ಕ್ಲಾಸೇ ನಗುವುದಿಲ್ಲವೆ?

ಹನುಮಂತಯ್ಯನವರು ರಿಟೈರಾದ ಮೇಷ್ಟ್ರು. ಸುತ್ತಿನ ಹಳ್ಳಿಗಳಿಗೆಲ್ಲ ಪಂಚಾಂಗ ನೋಡಿ ಹೇಳುವವರು ಅವರೇ. ಮಗು ಹುಟ್ಟಿದ ಗಳಿಗೆ ಬರೆದುಕೊಂಡು, ಬೆರಳು ಎಣಿಸಿ, ಕನ್ನಡಕ ಹಣೆಗೇರಿಸಿ ನಕ್ಕರು.

“ಸಿಂಹ ರಾಶಿ, ಮಘಾ ನಕ್ಷತ್ರ. ‘ಮ’ ಅಕ್ಷರದಿಂದ ಹೆಸ್ರು ಬರ್ಬೇಕು. ಮಘಾ ಅಂದ್ರೆ ಪಿತೃಗಳ ನಕ್ಷತ್ರ ಕಣಪ್ಪ. ಹಿರೀಕರ ಹೆಸ್ರು ಯಾವುದಾರ ಇದ್ರೆ ಅದ್ನೇ ಮಡಗು, ಬಲು ಶ್ರೇಷ್ಠ. ನಿಮ್ಮವ್ವನ ಹೆಸ್ರೇನು?”

ಇದಕ್ಕಿಂತ ಹೆಚ್ಚಿಗೆ ಇನ್ನೇನು ಹೇಳಬೇಕಿತ್ತು, ನೀವೇ ಹೇಳಿ. ಹುಡುಕಿದರೂ ಸಿಗದಂಥ ಯೋಗ ತಾನಾಗಿಯೇ ಬಂದು ಬಾಗಿಲಲ್ಲಿ ನಿಂತಿತ್ತು. ನಮ್ಮ ನಟರಾಜು ಮಾತ್ರ “ಹೂಂ ಸಾ, ನೋಡ್ತೀನಿ ಸಾ” ಅಂತ ತಾಯಿಯ ಹೆಸರನ್ನೇ ಹೇಳದೆ ಎದ್ದು ಬಂದ.

ಯಾಕೆಂದರೆ ಹೆಸರು ಅವನ ಮೊಬೈಲಿನಲ್ಲಿ ಆಗಲೇ ಸಿಕ್ಕಿಬಿಟ್ಟಿತ್ತು. ಅಂಗಡಿಯಲ್ಲಿ ತಂತಿ ಸುತ್ತುತ್ತ ನೋಡಿದ ಒಂದು ವಿಡಿಯೋದಲ್ಲಿ ಯಾರೋ ಒಬ್ಬ ಹೇಳಿದ್ದ: ಸಿಂಹ ರಾಶಿಗೆ ಇಂಗ್ಲಿಷಿನಲ್ಲಿ ಲಿಯೋ, ಅದರ ಅಂಶ ಇರುವವಳು ಲಿಯಾಂಶಿ. ಆಹಾ! ಇಡೀ ಜಿಲ್ಲೆಯಲ್ಲಿ ಇಂಥ ಹೆಸರು ಇನ್ನೊಂದು ಇರಲಾರದು ಅಂತ ಅವನು ಉಬ್ಬಿಹೋದ. ತವರಿನಲ್ಲಿದ್ದ ಬಾಣಂತಿ ನಯನಾಗೆ ಫೋನಿನಲ್ಲೇ ಹೇಳಿದ. “ಹೆಸ್ರೇನೋ ಚೆನ್ನಾಗಿದೆ. ಅತ್ತೆಗೆ ಏನಾದ್ರೂ ಆಸೆ ಇರುತ್ತೆ, ಒಂದು ಮಾತು ಕೇಳಿ” ಅಂದಳು ಅವಳು. “ಅವ್ವಂಗೆ ಅಂಥದ್ದೇನೂ ಇಲ್ಲ, ನಾವ್ ಇಟ್ಟಿದ್ದೇ ಹೆಸ್ರು” ಅಂದುಬಿಟ್ಟ.

ಇನ್ನು ಉಳಿದವಳು ಅವ್ವ. ಸಂಜೆ ಮನೆಗೆ ಬಂದಾಗ ಅವಳು ಕೊಟ್ಟಿಗೆಯಲ್ಲಿ ಹಸುವಿನ ಕೆಚ್ಚಲು ತೊಳೆಯುತ್ತಿದ್ದಳು. ತಿರುಗದೆಯೇ ಕೇಳಿದಳು: “ಮೇಷ್ಟ್ರು ಏನಂದ್ರು ಮಗ?”

“ನಿನ್ನೆಸ್ರು ಬರಂಗಿಲ್ಲ ಕಣವ್ವ.”

“ಬೇರೆ ಅಕ್ಷರ ಬಂತಾ?”

ಅಲ್ಲಿಗೆ ಹೂಂ ಅಂದಿದ್ದರೂ ಆಗುತ್ತಿತ್ತು. ಆದರೆ ನಾಳೆ ನಾಳಿದ್ದು ಅವಳು ಮತ್ತೆ ಈ ಮಾತು ಎತ್ತಬಾರದು, ಅಕ್ಕನ ಕೈಲಿ ಹೇಳಿಸಬಾರದು ಅನ್ನಿಸಿತು ಅವನಿಗೆ. ಮೋಟರಿಗೆ ವಾರ್ನಿಶ್ ಬಳಿಯುವ ಹಾಗೆ ಸುಳ್ಳಿನ ಮೇಲೆ ಇನ್ನೊಂದು ಪದರ ಬಳಿದ.

“ಅಕ್ಷರ ಒಂದೇ ಅಲ್ಲ ಕಣವ್ವ. ನಿನ್ನೆಸ್ರು ಮಗೀಗೆ ಆಗ್ಬರಕಿಲ್ವಂತೆ. ಇಕ್ಕುದ್ರೆ ಕಂಟಕ ಅಂದ್ರು.”

ಮಾಯಮ್ಮನ ಕೈ ಕೆಚ್ಚಲ ಮೇಲೆ ನಿಂತಿತು. “ಕಂಟಕ ಅಂದ್ರಾ?” ಅಂದಳು. ಆಮೇಲೆ, “ಹಂಗಾರೆ ಬ್ಯಾಡ ಬುಡು ಮಗ. ಕೂಸು ಚೆಂದಾಗಿದ್ರೆ ಸಾಕು” ಅಂದು ಹಾಲು ಕರೆಯಲು ಕೂತಳು. ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯುಸ್ಸು ಅನ್ನುವ ಹಾಗೆ ನಟರಾಜು ನಿರಾಳವಾಗಿ ಉಸಿರು ಬಿಟ್ಟ. ಒಂದು ವಾರದೊಳಗೆ ತಾನು ಏನು ಹೇಳಿದ್ದೆನೆಂಬುದೂ ಅವನಿಗೆ ಮರೆತುಹೋಯಿತು.

ತೊಟ್ಟಿಲು ಹಾಕಿದ ದಿನ ಮನೆ ತುಂಬ ಜನ. ನಯನಾಳ ತಂದೆ ತಾವೇ ಕಡೆದ ಬಣ್ಣದ ಗಿಲಕಿಗಳನ್ನು ಚನ್ನಪಟ್ಟಣದಿಂದ ತಂದು ತೊಟ್ಟಿಲಿಗೆ ಕಟ್ಟಿದ್ದರು. ಕಿವಿಯಲ್ಲಿ ಹೆಸರು ಹೇಳಬೇಕಾದವಳು ಸೋದರತ್ತೆ ಅಂಕಮ್ಮ. ತಮ್ಮ ಚೀಟಿಯಲ್ಲಿ ಬರೆದುಕೊಟ್ಟಿದ್ದನ್ನು ಬೆಳಗಿನಿಂದ ಬಾಯಿಪಾಠ ಮಾಡಿದ್ದರೂ ಮೂರು ಸಲಕ್ಕೆ ಮೂರು ಥರ ಹೇಳಿದಳು. “ಲ್ಯಾಂಸಿ ಅಂತೆ ಕಣ್ರವ್ವಾ” ಅಂತ ಮುದುಕಿಯರು ನಕ್ಕಿದ್ದೇ ನಕ್ಕಿದ್ದು. ಆ ನಗುವಿನಲ್ಲಿ ಮಾಯಮ್ಮ ಇರಲಿಲ್ಲ. ಅವಳು ಅಡುಗೆಮನೆಯ ಹೊಸಿಲಾಚೆ ನಿಂತು ನೋಡುತ್ತಿದ್ದಳು. ಮಗುವನ್ನು ತೊಟ್ಟಿಲಿಗೆ ಹಾಕಲು ಅಜ್ಜಿಯನ್ನು ಕರೆದಾಗ, “ಕೈಯೆಲ್ಲ ಹಿಟ್ಟಾಗೈತೆ, ನೀವೇ ಹಾಕಿ” ಅಂದಳು.

ಹಾಗೆ ಶುರುವಾಯಿತು. ಒಂದು ದಿನ ಕೈಯಲ್ಲಿ ಹಿಟ್ಟು, ಇನ್ನೊಂದು ದಿನ ಸಗಣಿ, ಮತ್ತೊಂದು ದಿನ ಸೊಂಟನೋವು. ಮಾಯಮ್ಮ ಕೂಸನ್ನು ಎತ್ತಿಕೊಳ್ಳಲೇ ಇಲ್ಲ. ಸ್ನಾನದ ನೀರು ಕಾಯಿಸುವಳು, ಧೂಪದ ಕೆಂಡ ಮಾಡುವಳು, ರಾಗಿ ಸರಿ ಕಾಸಿ ಬಟ್ಟಲನ್ನು ಮೆಟ್ಟಿಲ ಮೇಲಿಟ್ಟು ಸರಿದು ನಿಲ್ಲುವಳು. ನಯನಾ ಮೊದಮೊದಲು ನೊಂದುಕೊಂಡಳು, ಆಮೇಲೆ ಸುಮ್ಮನಾದಳು. ಹೆಸರು ಇಡಲಿಲ್ಲವೆಂಬ ಮುನಿಸು ಅಂತ ನಟರಾಜು ತೀರ್ಮಾನಿಸಿಬಿಟ್ಟ. ಇವತ್ತು ಹೋಗುತ್ತೆ, ನಾಳೆ ಹೋಗುತ್ತೆ ಅಂತ ಕಾದ. ಮಗು ಅಂಬೆಗಾಲಿಟ್ಟಿತು, ನಡೆಯಿತು, ‘ಅಜ್ಜಿ’ ಅಂತ ಓಡಿಹೋಗಿ ಸೆರಗು ಹಿಡಿಯಿತು. ಅಜ್ಜಿ ಮಾತ್ರ ಸೆರಗು ಬಿಡಿಸಿಕೊಂಡು ಹಿಂದಕ್ಕೆ ಹೆಜ್ಜೆ ಇಡುತ್ತಿದ್ದಳು.

ಮಗುವಿಗೆ ಮೂರು ವರ್ಷವಿದ್ದಾಗ ಒಂದು ಭಾನುವಾರ ಹಿತ್ತಲ ಕಲ್ಲಿಗೆ ಎಡವಿ ಬಿತ್ತು. ಮಂಡಿ ತರಚಿ ರಕ್ತ ಬಂತು. ನಟರಾಜು ಚೀರಾಟ ಕೇಳಿ ಓಡಿಬಂದರೆ, ಮಾಯಮ್ಮ ನಾಲ್ಕು ಹೆಜ್ಜೆ ದೂರದಲ್ಲಿ ಎರಡು ಕೈಯನ್ನೂ ಬೆನ್ನ ಹಿಂದೆ ಕಟ್ಟಿಕೊಂಡು ನಿಂತು, “ನಯನಾ, ಬಾ ತಾಯಿ, ಬಿರ್ನೆ ಬಾ” ಅಂತ ಕೂಗುತ್ತಿದ್ದಳು. ಅವನಿಗೆ ಮೈಯೆಲ್ಲ ಉರಿದುಹೋಯಿತು.

“ಒಂದ್ ಹೆಸ್ರಿಗೆ ಈಟು ಹಠನಾ? ಬಿದ್ದ ಕೂಸ್ನ ಎತ್ತಾಕೂ ಆಗ್ಲಿಲ್ವಾ ನಿನ್ಗೆ? ನೀನೇನು ಮನುಷ್ಯಳಾ, ಕಲ್ಲಾ?”

ಮಾಯಮ್ಮನ ಕೈ ಬೆನ್ನ ಹಿಂದೆಯೇ ಇತ್ತು. ಕಣ್ಣೀರು ಮಾತ್ರ ಇಳಿಯುತ್ತಿತ್ತು. ತಪ್ಪು ಒಪ್ಪಿಕೊಂಡ ಅಳು ಅಂದುಕೊಂಡ ಅವನು. ಅದಾದ ಮೇಲೆ ತಾಯಿ ಮಗನ ನಡುವೆ ಊಟ ಆಯ್ತಾ, ಹಸು ಹಾಲು ಕೊಡ್ತಾ ಅನ್ನುವುದಕ್ಕಿಂತ ಹೆಚ್ಚು ಮಾತು ನಡೆಯಲಿಲ್ಲ.

ಕಳೆದ ವರ್ಷ ಮಾಯಮ್ಮನಿಗೆ ಕಾಮಾಲೆಯಾಗಿ ಹೊಟ್ಟೆಯಲ್ಲಿ ನೀರು ತುಂಬಿತು. ಹದಿನೈದು ದಿನ ಹಾಸಿಗೆಯಲ್ಲಿದ್ದಳು. ಕೊನೆಯ ದಿನ ನಟರಾಜು ಮಗಳನ್ನು ಹಾಸಿಗೆಯ ಬಳಿಗೆ ತಂದ. ಮಾಯಮ್ಮ ಒಂದು ಸಲ ಕಣ್ಣು ತುಂಬ ನೋಡಿ ಗೋಡೆಯ ಕಡೆಗೆ ಹೊರಳಿದಳು. ಸಾಯುವ ಕಾಲದಲ್ಲೂ ಛಲ ಬಿಡಲಿಲ್ಲವಲ್ಲ ಅಂತ ಅವನ ಎದೆ ಕಹಿಯಾಯಿತು. ಆ ಕಹಿಯಲ್ಲೇ ಕೊಳ್ಳಿ ಇಟ್ಟು ಬಂದ.

ಹನ್ನೊಂದನೆಯ ದಿನಕ್ಕೆ ಕಟ್ಟು ಹಾಕಿಸಿದ ಫೋಟೋ ಬೇಕಾಯಿತು. ನಟರಾಜು ಜಗಲಿಯ ಮೇಲೆ ಕೂತು ಮೊಬೈಲಿನಲ್ಲಿ ಹುಡುಕಿದ. ಐದು ವರ್ಷದ ಫೋಟೋಗಳು ಸಾವಿರಗಟ್ಟಲೆ ಇದ್ದವು. ತೊಟ್ಟಿಲು, ಚೌಲ, ಹುಟ್ಟುಹಬ್ಬ, ಶಾಲೆಯ ಮೊದಲ ದಿನ. ಅವುಗಳಲ್ಲಿ ಮೊಮ್ಮಗಳು ಅಜ್ಜಿಯ ತೊಡೆಯ ಮೇಲಿದ್ದ ಒಂದೇ ಒಂದು ಫೋಟೋ ಇರಲಿಲ್ಲ. ಅವನು ಮೊಬೈಲನ್ನು ಅಕ್ಕನ ಮುಂದೆ ಹಿಡಿದ.

“ನೋಡಕ್ಕ, ನಿಮ್ಮವ್ವ ಸಾಧಿಸಿದ್ದು ನೋಡು. ಒಂದ್ ಹೆಸ್ರಿಗೋಸ್ಕರ.”

ಅಂಕಮ್ಮ ಅವನ ಮುಖವನ್ನೇ ನೋಡಿದಳು. “ಯಾವ ಹೆಸ್ರಿಗೋಸ್ಕರ ಲಾ? ಅವ್ವ ಹೆದ್ರಿಕೊಂಡಿದ್ಲು ಕಣೋ. ‘ನನ್ನೆಸ್ರೇ ಕೂಸ್ಗೆ ಕಂಟಕ ಅಂದ್ಮೇಲೆ ನನ್ನ ಕೈ ಕಂಟಕ ಅಲ್ವಾ ಅಂಕಿ’ ಅನ್ನೋಳು. ಒಂಬತ್ತೊರ್ಸಕ್ಕೆ ಬಂದಿರೋ ಜೀವ, ನನ್ನಿಂದ ಏನಾರ ಆದ್ರೆ ಅಂತ ಎದೆ ಬಡ್ಕೊಳ್ಳೋಳು. ಕೂಸು ಡೈರಿಗೆ ಹಿಂದೆ ಬಂದ್ರೆ ವಾಪಸ್ ಅಟ್ಟೋಳು. ಅಲ್ಲಿ ಹೆಸ್ರು ಕೂಗ್ತಾರಲ್ಲ, ಅದು ಕೂಸಿನ ಕಿವಿಗೆ ಬೀಳಬಾರ್ದು ಅಂತ. ಮಧ್ಯಾಹ್ನ ಅದು ನಿದ್ದೆ ಹೋದ್ಮೇಲೆ ಕೈಗೆ ಸೆರಗು ಸುತ್ಕೊಂಡು ಅಂಗಾಲು ಮುಟ್ಟಿ ನೋಡೋಳಂತೆ. ನಿಂಗೆ ಹೇಳ್ಬ್ಯಾಡ ಅಂತ ಆಣೆ ಹಾಕ್ಸಿದ್ಲು, ನೀನು ನೊಂದ್ಕೊತೀಯ ಅಂತ.”

ನಟರಾಜುವಿಗೆ ಆಗ ನೆನಪಾಯಿತು. ಕೊಟ್ಟಿಗೆ, ಸಂಜೆ, ಆ ಒಂದು ಮಾತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಅನ್ನುತ್ತಾರೆ. ಆಡಿದವನು ವಾರದಲ್ಲಿ ಮರೆತಿದ್ದ. ಕೇಳಿದವಳು ಐದು ವರ್ಷ ಅದನ್ನು ಬೆನ್ನ ಹಿಂದೆ ಕಟ್ಟಿದ ಕೈಯಲ್ಲಿ ಹಿಡಿದು ಬದುಕಿದ್ದಳು.

“ಹನುಮಂತಯ್ಯ ಮೇಷ್ಟ್ರು ಅದೆಂಗೆ ಅಂಥ ಮಾತು ಅಂದ್ರೋ, ಅವರ ಬಾಯಿಗೆ ಮಣ್ಣಾಕ” ಅಂದಳು ಅಂಕಮ್ಮ, ಕಣ್ಣೊರೆಸಿಕೊಳ್ಳುತ್ತ.

“ಅವರ್ನ ಬಯ್ಬೇಡಕ್ಕ. ಅವ್ರು ಅಂದಿಲ್ಲ. ಅವ್ರು ಅವ್ವನ ಹೆಸ್ರೇ ಇಡು ಅಂದ್ರು. ಕಂಟಕ ಅಂದಿದ್ದು ನಾನು.”

ಬಾಗಿಲಲ್ಲಿ ನಿಂತಿದ್ದ ನಯನಾ ಕೈಯಲ್ಲಿದ್ದ ತಟ್ಟೆಯನ್ನು ಮೆಲ್ಲಗೆ ಕೆಳಗಿಟ್ಟಳು. “ಅತ್ತೆ ಹೆಸ್ರೇ ಇಡು ಅಂದಿದ್ರಾ ಮೇಷ್ಟ್ರು? ನನ್ನನ್ನ ಒಂದು ಮಾತು ಕೇಳಿದ್ರೆ ಮಾಯಾ ಅಂತ ಖುಷಿಯಿಂದ ಇಡ್ತಿದ್ದೆ. ನಮ್ಮ ಶಾಲೇಲಿ ಆ ಹೆಸ್ರಿನ ಹುಡುಗೀರು ಇಬ್ಬರಿದ್ರು. ಎಷ್ಟು ಚೆಂದದ ಹೆಸ್ರು.” ಅವಳು ಮತ್ತೆ ಗಂಡನ ಕಡೆ ನೋಡಲಿಲ್ಲ, ಒಳಗೆ ಹೋದಳು.

ಅಂಕಮ್ಮ ಬಯ್ಯಬಹುದಿತ್ತು, ಹೊಡೆಯಲೂಬಹುದಿತ್ತು. ತಾಯಿಯಷ್ಟೇ ಎತ್ತಿ ಆಡಿಸಿದವಳು. ಅವಳು ತಲೆಯ ಮೇಲೆ ಕೈ ಹೊತ್ತು ಕೂತಳು. “ಸಾಯಾಕ್ ಮುಂಚೆ ಒಂದಿನ ಯೋಳಿದ್ರೂ ಆಗಿತ್ತಲ್ಲೋ ನಟ್ರಾಜ. ಒಂದ್ ಗಳಿಗೆ ಎತ್ಕೊಂಡು ಹೋಗ್ತಿದ್ಲು” ಅಂದಳು. ಅಟ್ಟ ಮೇಲೆ ಒಲೆ ಉರಿದರೆ ಏನು ಬಂತು? ನಟರಾಜು ಚಿಕ್ಕ ಹುಡುಗನ ಹಾಗೆ ಅತ್ತ. ಸಮಾಧಾನ ಮಾಡಲು ಯಾರೂ ಬರಲಿಲ್ಲ, ಬರಲಿ ಅಂತ ಅವನೂ ಎದುರು ನೋಡಲಿಲ್ಲ.

ಅವ್ವನ ಮುಖ ಸರಿಯಾಗಿ ಕಾಣುವ ಫೋಟೋ ಮೊಬೈಲಿನಲ್ಲಿ ಸಿಗದೆ, ಕೊನೆಗೆ ಆಧಾರ್ ಕಾರ್ಡಿನ ಫೋಟೋವನ್ನೇ ದೊಡ್ಡದು ಮಾಡಿಸಿದರು. ಸ್ಟುಡಿಯೋದವನು ಕೆಳಗೆ ದಪ್ಪ ಅಕ್ಷರದಲ್ಲಿ ಹೆಸರು, ತೀರಿಕೊಂಡ ತಾರೀಕು ಹಾಕಿ ಕೊಟ್ಟಿದ್ದ. ನಟರಾಜು ಅದನ್ನು ನಡುಮನೆಯ ಗೋಡೆಗೆ ಹಾಕಿ ಹಾರ ಸರಿ ಮಾಡುತ್ತಿದ್ದಾಗ ಮಗಳು ಬಂದು ನಿಂತಳು. ಯುಕೆಜಿಯಲ್ಲಿ ಈಗಷ್ಟೇ ಕನ್ನಡ ಅಕ್ಷರ ಕಲಿಯುತ್ತಿದ್ದಳು. ಎಲ್ಲಿ ಏನು ಬರೆದಿದ್ದರೂ ಓದುವ ಹುಚ್ಚು. ಬೆರಳಿಟ್ಟು ಒಂದೊಂದೇ ಅಕ್ಷರ ಕೂಡಿಸಿದಳು.

“ಮಾ... ಯ... ಮ್ಮ. ಅಪ್ಪಾ, ಮಾಯಮ್ಮ ಅಂದ್ರೆ ಯಾರು?”

“ನಿಮ್ಮಜ್ಜಿ ಕಣವ್ವ.”

ಹುಡುಗಿ ಫೋಟೋವನ್ನು ನೋಡಿದಳು, ಅಪ್ಪನನ್ನು ನೋಡಿದಳು.

“ಅಜ್ಜಿಗೂ ಹೆಸ್ರಿತ್ತಾ?”