ಜತ್ತದ ಭೋಂಗಾದಲ್ಲಿ ಅಣ್ಣನ ಹೆಸರು

ಬೆಳಗಿನ ಬಸ್ಸಿಗೆ ನಮ್ಮೂರು ಸಂಖ ಬಿಟ್ಟೆವು: ಮಾಸ್ತರರು, ಸಿದ್ದಪ್ಪ ಮಾವ, ಅವನ ಮಗಳು ದಾನವ್ವ, ಮತ್ತು ಶಾಲೆಯ ಏಳನೇ ಇಯತ್ತೆಗೇ ಭೂಷಣನಾದ ನಾನು. ಅರ್ಧ ಟಿಕೀಟಿಗಾಗಿ ಮಾವ ನನ್ನನ್ನು ಮೊಣಕಾಲು ಮಡಚಿ ನಿಲ್ಲಿಸಿದ. ಕಂಡಕ್ಟರ್ ನನ್ನ ಮೀಸೆ ನೋಡಿ ಪೂರ್ತಿ ಟಿಕೀಟು ಹರಿದ. ನಾಲ್ಕೇ ಕೂದಲು, ಆದರೆ ನಾಲ್ಕೂ ಎದ್ದು ಕಾಣುವಂಥವು.

ಮಾಡಗ್ಯಾಳದ ಹತ್ತಿರ ಕುರಿಗಳು ಅಡ್ಡ ಬಂದು ಒಂದು ತಾಸು ನಿಂತೆವು. ಸಾವಿರ ಕುರಿ ಇದ್ದವು. ಮಾಸ್ತರರು ನೂರು ಎನ್ನುತ್ತಾರೆ, ಅವರು ಕನ್ನಡಕ ತೆಗೆದಿಟ್ಟಿದ್ದರು. ಅಲ್ಲೇ ಸಜ್ಜೆ ರೊಟ್ಟಿ, ಶೇಂಗಾ ಹಿಂಡಿ ಬಿಚ್ಚಿದೆವು. ದಾನವ್ವ ತುತ್ತು ಮುಟ್ಟಲಿಲ್ಲ.

ನಾವು ಹೊರಟದ್ದು ತಾಲೂಕಿನ ಕಾಗುಣಿತದ ಸ್ಪರ್ಧೆಗೆ. ಗೆದ್ದ ಒಬ್ಬರಿಗೆ ಜತ್ತದ ಹೈಸ್ಕೂಲಿನಲ್ಲಿ ಓದು, ಊಟ, ವಸತಿ ಎಲ್ಲ ಪುಕ್ಕಟೆ. ದಾನವ್ವನ ಮದುವೆ ನನ್ನ ಅಣ್ಣನ ಜೊತೆ ನಿಶ್ಚಯವಾಗಿತ್ತು. ಅವಳು ಗೆದ್ದರೆ ನಾಲ್ಕು ವರ್ಷ ಓದಿ ಮ್ಯಾಟ್ರಿಕ್ ಮುಗಿದ ಮೇಲೆ ಮದುವೆ, ಸೋತರೆ ಇದೇ ವೈಶಾಖದಲ್ಲಿ ಅಕ್ಕಿಕಾಳು ಎಂದು ಮಾವ ಹೇಳಿಬಿಟ್ಟಿದ್ದ. ನನ್ನನ್ನು ಅಪ್ಪ ಹೇಗೂ ಹೈಸ್ಕೂಲಿಗೆ ಹಾಕುವವನಿದ್ದ; ನನಗೆ ಬೇಕಾದದ್ದು ಗೆದ್ದವನೆಂಬ ಹೆಸರು ಮಾತ್ರ.

ಸ್ಪರ್ಧೆಯ ಅಂಗಳದಲ್ಲಿ ಬೇವಿನ ಮರಕ್ಕೆ ತಗಡಿನ ಭೋಂಗಾ ಕಟ್ಟಿದ್ದರು. ಅದರ ಮೈಕಿನ ಮುಂದೆ ಸೀನಿದರೆ ಪೇಟೆಯವರೆಗೆ ಕೇಳಿಸುತ್ತಿತ್ತು. ಶಬ್ದವನ್ನು ಮೊದಲು ಉಚ್ಚರಿಸಿ, ಆಮೇಲೆ ಅಕ್ಷರ ಬಿಡಿಸಿ ಹೇಳಬೇಕು. ಮಧ್ಯಾಹ್ನದ ಹೊತ್ತಿಗೆ ಉಳಿದವರು ದಾನವ್ವ ಮತ್ತು ನಾನು. ಒಬ್ಬರಿಗೆ ಬಾರದ್ದನ್ನು ಇನ್ನೊಬ್ಬರು ಹೇಳಿದರೆ ಗೆದ್ದಂತೆ. ಪರೀಕ್ಷಕ ಸಾಹೇಬರು ಅವಳಿಗೆ ಕೊಟ್ಟ ಶಬ್ದ: ಮಲ್ಲಿಕಾರ್ಜುನ.

ಅದು ನನ್ನ ಅಣ್ಣನ ಹೆಸರು. ಗಂಡನಾಗುವವನ ಹೆಸರನ್ನು ಹೆಣ್ಣು ಬಾಯಲ್ಲಿ ತರುವಂತಿಲ್ಲ. ನಿಶ್ಚಯವಾದಂದಿನಿಂದ ಅವಳು ಆ ಹೆಸರಿನ ದೇವರನ್ನು ಕೂಡ ‘ಶ್ರೀಶೈಲದಾಂವ’ ಎನ್ನುತ್ತಿದ್ದಳು. ಎದುರಿನ ಸಾಲಿನಲ್ಲಿ ಮಾವ ನೆಲ ನೋಡತೊಡಗಿದ. ಭೋಂಗಾದಲ್ಲಿ ಅವಳ ಉಸಿರಷ್ಟೇ ಕೇಳಿಸಿತು. ಶಬ್ದ ನನಗೆ ಬಂತು.

ಅಣ್ಣನ ಹಳೆಯ ಪುಸ್ತಕಗಳನ್ನೇ ಓದಿ ಬೆಳೆದವನು ನಾನು. ಪ್ರತಿಯೊಂದರ ಮೇಲೂ ಆ ಹೆಸರಿತ್ತು. ಗಂಟಲು ಸರಿಮಾಡಿಕೊಂಡೆ, ಹೆಸರು ಹೇಳಿದೆ, ಒತ್ತಕ್ಷರ ಬಿಟ್ಟು ಬಿಡಿಸಿದೆ. ಇಡೀ ಜತ್ತ ನಕ್ಕಿತು. ದೂರದ ಗುಡ್ಡಾಪುರದವರೂ ನಕ್ಕಿರಬೇಕು.

ಮುಂದಿನ ಶಬ್ದ ಜ್ಯೋತಿಷ್ಯಶಾಸ್ತ್ರ. ಸರದಿ ಮೊದಲು ನನ್ನದು; ಅದರ ಒತ್ತಕ್ಷರವನ್ನೂ ಬಿಟ್ಟೆ. ಅದು ಯಾರ ಗಂಡನ ಹೆಸರೂ ಅಲ್ಲ. ದಾನವ್ವ ತಡವರಿಸದೆ ಹೇಳಿ ಮುಗಿಸಿದಳು.

ತಿರುಗಿ ಬರುವಾಗ ಮಾಸ್ತರರು ಮಾಡಗ್ಯಾಳದವರೆಗೂ ನನ್ನನ್ನು ಬೈದರು. ಅವರಿಗೆ ನಿದ್ದೆ ಹತ್ತಿದ ಮೇಲೆ ಮಾವ ನನ್ನ ಪಕ್ಕಕ್ಕೆ ಸರಿದ.

“ಬಸ್ಯಾ, ಬೇಕಂತ ತಪ್ಪಿದಿ ಹೌದಿಲ್ಲೋ?”

“ಇಲ್ರಿ ಮಾವ. ಒತ್ತಕ್ಷರ ನನಗ ಮೊದಲಿಂದ ಬರಂಗಿಲ್ಲ.”

“ನಿಮ್ಮಣ್ಣಗ ಏನ್ ಹೇಳಲಿ?”

“ನಾಕ್ ವರ್ಷ ನಿಲ್ಲು ಅಂತ ಹೇಳ್ರಿ.”

ಸಂಖದಲ್ಲಿ ಅಣ್ಣ ಬಸ್ಸಿಗೆ ಕಾಯುತ್ತಿದ್ದ. ಯಾರು ಗೆದ್ದರೆಂದು ಕೇಳಿದ. ಮಾವ ದಾನವ್ವನ ಕಡೆ ನೋಡಿದ, ನಾನೂ ನೋಡಿದೆ. ದಾನವ್ವ ತಲೆಯ ಮೇಲಿನ ಸೆರಗು ಎಳೆದುಕೊಂಡು, ನೆಲ ನೋಡುತ್ತ, “ನಾ ಗೆದ್ದೀನ್ರಿ” ಅಂದಳು. ನಿಶ್ಚಯವಾದ ಮೇಲೆ ಅವಳು ಅವನೊಡನೆ ಮಾತಾಡಿದ್ದು ಅದೇ ಮೊದಲು.